ಅಳಿಸಿಹೋದ ಟೇಪುಗಳ ನಡುವೆ ನೈಜೆಲ್ ನೀಲ್: ಬ್ರಿಟಿಷ್ ಕಿರುತೆರೆಯ ಒಬ್ಬ ಬರಹಗಾರನ ವೃತ್ತಿಜೀವನ

ಕಾದಂಬರಿಕಾರರೊಬ್ಬರ ವೃತ್ತಿಜೀವನವನ್ನು ಅರಿಯಲು ಅವರ ಪುಸ್ತಕಗಳನ್ನು ಪ್ರಕಟವಾದ ಕ್ರಮದಲ್ಲಿ ಜೋಡಿಸಿಕೊಂಡು ಓದಿದರೆ ಬಹುಮಟ್ಟಿಗೆ ಸಾಕು. 1950 ಮತ್ತು 60ರ ದಶಕಗಳಲ್ಲಿ ಬ್ರಿಟನ್ನಿನ ಕಿರುತೆರೆಗೆ ಬರೆದವರ ವಿಷಯದಲ್ಲಿ ಈ ದಾರಿ ಸಾಗುವುದಿಲ್ಲ. ಅವರು ಬರೆದದ್ದರಲ್ಲಿ ಒಂದು ಪಾಲು ಎಂದೂ ದಾಖಲಾಗಲೇ ಇಲ್ಲ. ದಾಖಲಾದದ್ದರಲ್ಲಿ ಇನ್ನೊಂದು ಪಾಲನ್ನು ಪ್ರಸಾರ ಮಾಡಿದ ಸಂಸ್ಥೆಯೇ ಅಳಿಸಿಹಾಕಿತು. ಉಳಿದದ್ದರ ಹಕ್ಕುಗಳು ಅನೇಕ ಸಲ ಬರೆದವರ ಕೈಯಲ್ಲಿರಲಿಲ್ಲ. ಈ ಮೂರೂ ತೊಡಕುಗಳು ಒಬ್ಬರದೇ ಬದುಕಿನಲ್ಲಿ ಕೂಡಿಬಂದಿರುವುದನ್ನು ನೋಡಬೇಕೆಂದರೆ ನೈಜೆಲ್ ನೀಲ್ ಅವರ ವೃತ್ತಿಜೀವನಕ್ಕಿಂತ ಒಳ್ಳೆಯ ಉದಾಹರಣೆ ಸಿಗುವುದು ಕಷ್ಟ. ಭಯಾನಕ ಚಿತ್ರಗಳನ್ನೂ ವೈಜ್ಞಾನಿಕ ಕಥೆಗಳನ್ನೂ ಮಾಡುವವರ ವಲಯದಲ್ಲಿ ಅವರ ಹೆಸರಿಗೆ ದೊಡ್ಡ ಮರ್ಯಾದೆಯಿದೆ. ಅದರಿಂದ ಆಚೆಗೆ, ಅವರ ಪತ್ನಿ ಜುಡಿತ್ ಕೆರ್ ಅವರು ಮಕ್ಕಳಿಗಾಗಿ ಬರೆದ ಹುಲಿಯ ಪುಸ್ತಕವನ್ನು ಬಲ್ಲವರಲ್ಲಿಯೂ ನೀಲ್ ಅವರ ಹೆಸರನ್ನು ಕೇಳಿದವರು ಕಡಿಮೆ.

ನೀಲ್ ಹುಟ್ಟಿದ್ದು 1922ರ ಏಪ್ರಿಲ್ 28ರಂದು, ಇಂಗ್ಲೆಂಡಿನ ವಾಯವ್ಯ ಕರಾವಳಿಯ ಬ್ಯಾರೋ-ಇನ್-ಫರ್ನೆಸ್‌ ಎಂಬ ಹಡಗು ಕಟ್ಟುವ ಊರಿನಲ್ಲಿ. ಬೆಳೆದದ್ದು ಮಾತ್ರ ಪೂರ್ವಜರ ನೆಲವಾದ ಐಲ್ ಆಫ್ ಮ್ಯಾನ್ ದ್ವೀಪದಲ್ಲಿ. ಯುದ್ಧ ಮುಗಿದ ಮೇಲೆ ಲಂಡನ್ನಿನ ರಾಯಲ್ ಅಕಾಡೆಮಿ ಆಫ್ ಡ್ರಮ್ಯಾಟಿಕ್ ಆರ್ಟ್‌ನಲ್ಲಿ ನಟನೆ ಕಲಿತರು, ಸ್ಟ್ರ್ಯಾಟ್‌ಫರ್ಡಿನಲ್ಲಿ ಸಣ್ಣಪುಟ್ಟ ಪಾತ್ರಗಳನ್ನೂ ಮಾಡಿದರು. ಅದರ ಜೊತೆಗೆ ಬರೆಯುತ್ತಿದ್ದ ಸಣ್ಣ ಕಥೆಗಳು 1949ರಲ್ಲಿ ಸಂಕಲನವಾಗಿ ಬಂದವು. ಮರುವರ್ಷ ಆ ಸಂಕಲನಕ್ಕೆ ಸಾಮರ್‌ಸೆಟ್ ಮಾಮ್ ಪ್ರಶಸ್ತಿ ಬಂತು. ಪ್ರಕಾಶಕರ ಕಣ್ಣಿಗೆ ಮುಂದಿನ ಹೆಜ್ಜೆ ಕಾದಂಬರಿಯೇ ಆಗಬೇಕಿತ್ತು. ನೀಲ್ ಅದನ್ನು ಬಿಟ್ಟು, ಆಗಿನ್ನೂ ಸುಶಿಕ್ಷಿತರು ಅಷ್ಟಾಗಿ ಲೆಕ್ಕಕ್ಕೆ ತೆಗೆದುಕೊಳ್ಳದಿದ್ದ ಟೆಲಿವಿಷನ್ನಿನ ಕಡೆಗೆ ಹೊರಳಿದರು. ಬಿಬಿಸಿ ನಾಟಕ ವಿಭಾಗದ ಮುಖ್ಯಸ್ಥರಾಗಿದ್ದ ಮೈಕೆಲ್ ಬ್ಯಾರಿ ತಮ್ಮ ಕೈಯಲ್ಲಿದ್ದ ಮೊದಲ ವರ್ಷದ ಬರವಣಿಗೆಯ ಅನುದಾನವನ್ನು, ಅಂದರೆ ಇಡೀ 250 ಪೌಂಡ್‌ಗಳನ್ನು, ನೀಲ್ ಅವರನ್ನು ನೇಮಿಸಿಕೊಳ್ಳುವುದಕ್ಕೇ ವೆಚ್ಚ ಮಾಡಿದರೆಂಬ ಸಂಗತಿ ಆ ಕಾಲದಲ್ಲಿ ಕಿರುತೆರೆ ಬರವಣಿಗೆಗೆ ಇದ್ದ ಬೆಲೆಯನ್ನು ತಿಳಿಸುತ್ತದೆ. ನಾಟಕ ಎಂದರೆ ರಂಗಭೂಮಿಯ ಕೃತಿಗಳನ್ನೋ ಕಾದಂಬರಿಗಳನ್ನೋ ತಂದು ಕ್ಯಾಮೆರಾದ ಮುಂದೆ ಆಡಿಸುವುದು ಎಂಬ ತಿಳಿವಳಿಕೆ ಗಟ್ಟಿಯಾಗಿದ್ದ ದಿನಗಳವು. ಟೆಲಿವಿಷನ್ನಿಗೆಂದೇ ಬರೆಯುವವರೊಬ್ಬರು ಬೇಕು ಎಂಬ ಯೋಚನೆಯೇ ಹೊಸದಾಗಿತ್ತು.

ಇಲ್ಲಿ ನೇರಪ್ರಸಾರದ ನಾಟಕ ನಡೆಯುತ್ತಿದ್ದ ಬಗೆಯನ್ನು ಸ್ವಲ್ಪ ವಿವರಿಸಬೇಕು. ಏಕೆಂದರೆ ಅದು ತಿಳಿಯದೆ ನೀಲ್ ಅವರ ಬರವಣಿಗೆಯ ರೀತಿಯೂ ತಿಳಿಯುವುದಿಲ್ಲ. ವಿಡಿಯೋ ಟೇಪು ಇನ್ನೂ ಬಳಕೆಗೆ ಬಂದಿರಲಿಲ್ಲ. ಒಂದೇ ಸ್ಟುಡಿಯೋದಲ್ಲಿ ನಾಲ್ಕಾರು ಸೆಟ್ಟುಗಳನ್ನು ಒತ್ತೊತ್ತಾಗಿ ಹಾಕಿ, ಭಾರವಾದ ಕ್ಯಾಮೆರಾಗಳನ್ನು ಒಂದರಿಂದ ಇನ್ನೊಂದಕ್ಕೆ ತಳ್ಳಿಕೊಂಡು ಹೋಗುತ್ತ, ನಟರು ಅಭಿನಯಿಸುತ್ತಿದ್ದ ಗಳಿಗೆಯಲ್ಲೇ ಅದನ್ನು ಮನೆಮನೆಗೆ ತಲುಪಿಸಲಾಗುತ್ತಿತ್ತು. ಪಾತ್ರವೊಂದು ಪ್ರಯೋಗಾಲಯದ ದೃಶ್ಯದಿಂದ ಪೊಲೀಸ್ ಠಾಣೆಯ ದೃಶ್ಯಕ್ಕೆ ಹೋಗಬೇಕಾದರೆ, ನಟನು ಕತ್ತಲಲ್ಲಿ ಕೇಬಲ್ಲುಗಳನ್ನು ದಾಟಿಕೊಂಡು ಓಡಿ, ಕೋಟು ಬದಲಿಸಿ, ಉಸಿರು ಹಿಡಿದು ನಿಲ್ಲಬೇಕಿತ್ತು. ಆ ಓಟಕ್ಕೆ ಬೇಕಾದ ಅವಕಾಶವನ್ನು ಬರಹಗಾರನೇ ಒದಗಿಸಬೇಕಿತ್ತು: ನಡುವೆ ಬೇರೆ ಇಬ್ಬರ ಸಂಭಾಷಣೆಯನ್ನಿಡಬೇಕು, ಇಲ್ಲವೇ ಮೊದಲೇ ಚಿತ್ರೀಕರಿಸಿಟ್ಟ ಫಿಲ್ಮಿನ ತುಣುಕೊಂದನ್ನು ಸೇರಿಸಬೇಕು. ಹಾಗಾಗಿ ಆ ಕಾಲದ ಕಿರುತೆರೆ ಬರಹಗಾರನು ಕಥೆಯನ್ನಷ್ಟೇ ಅಲ್ಲದೆ ಸ್ಟುಡಿಯೋದ ನೆಲದ ನಕ್ಷೆಯನ್ನೂ ಮನಸ್ಸಿನಲ್ಲಿಟ್ಟುಕೊಂಡು ಬರೆಯುತ್ತಿದ್ದನು. ನಾಟಕವನ್ನು ಮರುಪ್ರಸಾರ ಮಾಡಬೇಕೆಂದರೆ ನಟರೆಲ್ಲ ಮತ್ತೆ ಬಂದು ಮೊದಲಿನಿಂದ ಆಡಬೇಕಿತ್ತು. ಭಾನುವಾರ ಆಡಿದ್ದನ್ನು ಗುರುವಾರ ಮತ್ತೆ ಆಡುವುದು ಬಿಬಿಸಿಯ ರೂಢಿಯಾಗಿತ್ತು.

ಈ ಇಕ್ಕಟ್ಟನ್ನು ಮೀರಬಹುದೆಂದು ನಂಬಿದ್ದ ಇನ್ನೊಬ್ಬರು ನಿರ್ದೇಶಕ ರುಡಾಲ್ಫ್ ಕಾರ್ಟಿಯರ್. ವಿಯೆನ್ನಾದಲ್ಲಿ ಹುಟ್ಟಿ, ಜರ್ಮನಿಯ ಚಿತ್ರರಂಗದಲ್ಲಿ ದುಡಿದು, ನಾತ್ಸಿಗಳ ಆಡಳಿತ ಬಂದಾಗ ದೇಶ ಬಿಟ್ಟಿದ್ದ ಅವರು 1952ರಲ್ಲಿ ಬಿಬಿಸಿಗೆ ಬಂದರು. ಅಲ್ಲಿನ ನಾಟಕಗಳು ಜಡವಾಗಿವೆ ಎಂಬ ಅವರ ಅಸಮಾಧಾನವೂ ನೀಲ್ ಅವರ ಅಸಮಾಧಾನವೂ ಒಂದೇ ಆಗಿತ್ತು. 1953ರ ಬೇಸಿಗೆಯಲ್ಲಿ ಬಿಬಿಸಿಯ ಪಟ್ಟಿಯಲ್ಲಿ ಶನಿವಾರ ರಾತ್ರಿಯ ಆರು ವಾರಗಳ ಜಾಗ ಖಾಲಿ ಬಿದ್ದಾಗ ಅದನ್ನು ತುಂಬಲು ನೀಲ್ ಬರೆದ ಧಾರಾವಾಹಿಯೇ ‘ದಿ ಕ್ವಾಟರ್‌ಮಾಸ್ ಎಕ್ಸ್‌ಪೆರಿಮೆಂಟ್’. ನಾಯಕನಾದ ವಿಜ್ಞಾನಿಯ ವಿಚಿತ್ರ ಕುಲನಾಮವನ್ನು ಅವರು ಆರಿಸಿದ್ದು ಲಂಡನ್ನಿನ ಟೆಲಿಫೋನ್ ಡೈರೆಕ್ಟರಿಯಿಂದ. ಬರ್ನಾರ್ಡ್ ಎಂಬ ಹೆಸರು ಬಂದದ್ದು ಜಾಡ್ರೆಲ್ ಬ್ಯಾಂಕ್ ಖಗೋಳ ವೀಕ್ಷಣಾಲಯದ ಬರ್ನಾರ್ಡ್ ಲೊವೆಲ್ ಅವರಿಂದ.

ಕಥೆ ಹೀಗಿದೆ: ಬಾಹ್ಯಾಕಾಶಕ್ಕೆ ಮೂವರನ್ನು ಹೊತ್ತು ಹೋದ ರಾಕೆಟ್ ಲಂಡನ್ನಿನ ವಿಂಬಲ್ಡನ್ನಿನಲ್ಲಿ ಬಂದು ಬೀಳುತ್ತದೆ, ಬಾಗಿಲು ತೆರೆದರೆ ಒಳಗೆ ಒಬ್ಬನೇ ಇದ್ದಾನೆ. ಉಳಿದ ಇಬ್ಬರ ಉಡುಪುಗಳು ಹಾಗೇ ಇವೆ, ಒಳಗೆ ದೇಹಗಳಿಲ್ಲ. ಬದುಕಿ ಬಂದವನ ನೆನಪಿನಲ್ಲಿ ಆ ಇಬ್ಬರ ನೆನಪುಗಳೂ ಕಲೆತುಹೋಗಿರುವುದು ನಿಧಾನವಾಗಿ ಗೊತ್ತಾಗುತ್ತದೆ, ಆಮೇಲೆ ಅವನ ದೇಹ ಸಸ್ಯದಂಥ ಏನೋ ಒಂದಾಗಿ ಮಾರ್ಪಡತೊಡಗುತ್ತದೆ. ಮೊದಲ ಕಂತು ಜುಲೈ 18ರಂದು ಪ್ರಸಾರವಾದಾಗ ನೀಲ್ ಕೊನೆಯ ಕಂತುಗಳನ್ನು ಇನ್ನೂ ಬರೆದು ಮುಗಿಸಿರಲಿಲ್ಲ. ಆರು ಕಂತುಗಳಿಗೆ ಒಟ್ಟು ಸಿಕ್ಕಿದ್ದು 4,000 ಪೌಂಡಿಗೂ ಕಡಿಮೆ ಹಣ. ಸ್ಟುಡಿಯೋ ಅಲೆಕ್ಸಾಂಡ್ರಾ ಪ್ಯಾಲೇಸಿನ ಹಳೆಯದು, ಕ್ಯಾಮೆರಾಗಳು ಯುದ್ಧಕ್ಕೆ ಮುಂಚಿನವು. ಆಗಸ್ಟ್ 22ರ ಕೊನೆಯ ಕಂತಿನಲ್ಲಿ ಆ ಜೀವಿ ವೆಸ್ಟ್‌ಮಿನ್‌ಸ್ಟರ್ ಅಬೆಯ ಒಳಗೆ ಹಬ್ಬಿಕೊಂಡಿರುವುದನ್ನು ತೋರಿಸಬೇಕಿತ್ತು. ನೀಲ್ ಮತ್ತು ಆಗಿನ್ನೂ ಮದುವೆಯಾಗಿರದ ಜುಡಿತ್ ಕೆರ್ ಇಬ್ಬರೂ ಸೇರಿ ಒಂದು ಜೊತೆ ಕೈಗವಸುಗಳಿಗೆ ಚರ್ಮದ ತುಂಡುಗಳನ್ನೂ ಗಿಡದ ಚೂರುಗಳನ್ನೂ ಅಂಟಿಸಿದರು. ಅಬೆಯ ಒಳನೋಟದ ಫೋಟೋವೊಂದನ್ನು ದೊಡ್ಡದು ಮಾಡಿಸಿ, ಅದರಲ್ಲಿ ತೂತು ಕೊರೆದು, ನೇರಪ್ರಸಾರದ ಹೊತ್ತಿನಲ್ಲಿ ನೀಲ್ ಹಿಂದೆ ನಿಂತು ಕೈಗಳನ್ನು ತೂರಿಸಿ ಬೆರಳಾಡಿಸಿದರು. ಕೆಲವೇ ವಾರಗಳ ಹಿಂದೆ, ಜೂನ್ 2ರಂದು, ಇದೇ ಅಬೆಯಲ್ಲಿ ರಾಣಿಯ ಪಟ್ಟಾಭಿಷೇಕವನ್ನು ನೋಡಲೆಂದೇ ದೇಶದ ಜನ ಟಿವಿ ಕೊಂಡಿದ್ದರು. ಅದೇ ತೆರೆಯ ಮೇಲೆ, ಅದೇ ಕಮಾನುಗಳ ನಡುವೆ ಇದನ್ನು ಕಂಡವರ ಅನುಭವ ಎಂಥದಿರಬಹುದೆಂದು ಊಹಿಸಿಕೊಳ್ಳಬಹುದು. ಮೊದಲ ಕಂತಿಗೆ ಸುಮಾರು 34 ಲಕ್ಷವಿದ್ದ ವೀಕ್ಷಕರ ಸಂಖ್ಯೆ ಕೊನೆಗೆ 50 ಲಕ್ಷಕ್ಕೆ ಏರಿತು.

ಆ ಕೊನೆಯ ಕಂತನ್ನು ಇಂದು ಯಾರೂ ನೋಡಲಾರರು. ಟಿವಿ ತೆರೆಯ ಮುಂದೆ ಫಿಲ್ಮ್ ಕ್ಯಾಮೆರಾ ಇಟ್ಟು ಪ್ರಸಾರವನ್ನು ಚಿತ್ರೀಕರಿಸಿಕೊಳ್ಳುವ ವಿಧಾನವೊಂದು ಆಗಷ್ಟೇ ಆರಂಭವಾಗಿತ್ತು. ಕೆನಡಾಕ್ಕೆ ಮಾರುವ ಆಲೋಚನೆಯಿಂದ ಮೊದಲ ಎರಡು ಕಂತುಗಳನ್ನು ಹಾಗೆ ಹಿಡಿದಿಟ್ಟುಕೊಂಡರು. ಗುಣಮಟ್ಟ ಕಳಪೆಯಾಗಿತ್ತು, ಸಾಲದ್ದಕ್ಕೆ ಎರಡನೆಯ ಕಂತನ್ನು ಹಿಡಿಯುವಾಗ ಒಂದು ಹುಳು ಬಂದು ತೆರೆಯ ಮೇಲೆ ಕುಳಿತುಬಿಟ್ಟಿತು. ಆ ಹುಳು ಈಗಲೂ ದಾಖಲೆಯಲ್ಲಿ ಹರಿದಾಡುತ್ತಿದೆ. ಉಳಿದ ನಾಲ್ಕು ಕಂತುಗಳನ್ನು ಹಿಡಿದಿಡುವ ಶ್ರಮವನ್ನು ಬಿಬಿಸಿ ತೆಗೆದುಕೊಳ್ಳಲಿಲ್ಲ. ಪೆಂಗ್ವಿನ್ ಪ್ರಕಾಶನ 1959ರಲ್ಲಿ ಆರೂ ಕಂತುಗಳ ಚಿತ್ರಕಥೆಯನ್ನು ಪುಸ್ತಕವಾಗಿ ತಂದದ್ದರಿಂದ ಅಲ್ಲಿ ಏನೇನು ನಡೆಯಿತೆಂಬುದನ್ನು ಓದಬಹುದು.

ಎರಡನೆಯ ತೊಡಕು ಹಕ್ಕುಗಳದ್ದು. ಹ್ಯಾಮರ್ ಎಂಬ ಸಣ್ಣ ಚಿತ್ರ ಸಂಸ್ಥೆ ಈ ಧಾರಾವಾಹಿಯ ಚಲನಚಿತ್ರ ಹಕ್ಕನ್ನು ಬಿಬಿಸಿಯಿಂದ ಕೊಂಡು 1955ರಲ್ಲಿ ಚಿತ್ರ ಮಾಡಿತು. ಚಿತ್ರ ಚೆನ್ನಾಗಿ ಓಡಿತು. ಅದರ ಗೆಲುವಿನಿಂದಲೇ ಹ್ಯಾಮರ್ ಭಯಾನಕ ಚಿತ್ರಗಳ ಕಡೆಗೆ ತಿರುಗಿ, ಮುಂದೆ ಫ್ರಾಂಕೆನ್‌ಸ್ಟೈನ್ ಮತ್ತು ಡ್ರಾಕುಲಾ ಚಿತ್ರಗಳಿಂದ ಜಗತ್ತಿಗೆಲ್ಲ ಪರಿಚಿತವಾಯಿತು. ನೀಲ್ ಅವರಿಗೆ ಅದರಲ್ಲಿ ದಕ್ಕಿದ್ದು ಏನೂ ಇಲ್ಲ. ಅವರು ಸಂಬಳಕ್ಕಿದ್ದ ಬರಹಗಾರರು. ಸಂಬಳದ ಅವಧಿಯಲ್ಲಿ ಹುಟ್ಟಿದ ಕಥೆ, ಪಾತ್ರ, ಹೆಸರು ಎಲ್ಲವೂ ಸಂಸ್ಥೆಯ ಸೊತ್ತು. ಕಾರ್ಖಾನೆಯ ನೌಕರನು ತಯಾರಿಸಿದ ವಸ್ತುವಿಗೂ ಬರಹಗಾರನು ಕಲ್ಪಿಸಿದ ಪಾತ್ರಕ್ಕೂ ಆ ಒಪ್ಪಂದ ಭೇದ ಮಾಡುತ್ತಿರಲಿಲ್ಲ. ಚಿತ್ರದಲ್ಲಿ ಅಮೆರಿಕದ ನಟ ಬ್ರಯಾನ್ ಡಾನ್‌ಲೆವಿ ತಮ್ಮ ಚಿಂತನಶೀಲ ವಿಜ್ಞಾನಿಯನ್ನು ಗದರುವ ಮನುಷ್ಯನನ್ನಾಗಿ ಮಾಡಿದ್ದು ನೀಲ್ ಅವರನ್ನು ಕೊನೆಯವರೆಗೂ ಕಾಡಿತು, ಆದರೆ ಅದನ್ನು ತಡೆಯುವ ಅಧಿಕಾರ ಅವರಿಗಿರಲಿಲ್ಲ. ಅಂತ್ಯವನ್ನೂ ಬದಲಿಸಲಾಗಿತ್ತು: ಧಾರಾವಾಹಿಯಲ್ಲಿ ಕ್ವಾಟರ್‌ಮಾಸ್ ಆ ಜೀವಿಯೊಳಗೆ ಉಳಿದಿರುವ ಮೂವರು ಮನುಷ್ಯರನ್ನು ಉದ್ದೇಶಿಸಿ ಮಾತಾಡಿ, ಅವರೇ ಅದನ್ನು ಒಳಗಿನಿಂದ ಕೊಲ್ಲುವಂತೆ ಮಾಡುತ್ತಾನೆ, ಚಿತ್ರದಲ್ಲಿ ಅದನ್ನು ವಿದ್ಯುತ್ ಹರಿಸಿ ಸುಡುತ್ತಾರೆ. ನನ್ನ ದೃಷ್ಟಿಯಲ್ಲಿ ನೀಲ್ ಅವರಿಗೂ ಅವರನ್ನು ಅನುಕರಿಸಿದವರಿಗೂ ಇರುವ ಅಂತರ ಈ ಒಂದು ಬದಲಾವಣೆಯಲ್ಲೇ ಕಾಣುತ್ತದೆ. ದಶಕಕ್ಕೂ ಹೆಚ್ಚು ಕಾಲ ಅಸಮಾಧಾನ ಮುಂದುವರಿದ ಬಳಿಕ ಬಿಬಿಸಿ ಅವರಿಗೆ 3,000 ಪೌಂಡ್ ಕೊಟ್ಟಿತು. ಅದು ಹಕ್ಕಿನ ಹಣವಲ್ಲ, ಔದಾರ್ಯದ ಹಣ.

1954ರ ಡಿಸೆಂಬರ್ 12ರ ಭಾನುವಾರ ನೀಲ್ ರೂಪಾಂತರಿಸಿ, ಕಾರ್ಟಿಯರ್ ನಿರ್ದೇಶಿಸಿದ ಜಾರ್ಜ್ ಆರ್ವೆಲ್ ಅವರ ‘1984’ ಕಾದಂಬರಿಯ ನಾಟಕ ಪ್ರಸಾರವಾಯಿತು. ಪೀಟರ್ ಕುಶಿಂಗ್ ನಾಯಕರಾಗಿದ್ದರು. ಚಿತ್ರಹಿಂಸೆಯ ದೃಶ್ಯಗಳ ಬಗ್ಗೆ ದೂರುಗಳ ಸುರಿಮಳೆಯಾಯಿತು, ಪಾರ್ಲಿಮೆಂಟಿನಲ್ಲಿ ಬಿಬಿಸಿಯನ್ನು ಖಂಡಿಸುವ ಸೂಚನೆ ಮಂಡನೆಯಾಯಿತು, ಅದಕ್ಕೆ ಎದುರಾಗಿ ಬೇರೆ ಸದಸ್ಯರು ಸಮರ್ಥನೆಗೆ ನಿಂತರು. ಗುರುವಾರದ ಎರಡನೆಯ ಪ್ರದರ್ಶನವನ್ನು ನಿಲ್ಲಿಸಬೇಕೆಂಬ ಒತ್ತಡವಿದ್ದರೂ ಬಿಬಿಸಿ ಮಣಿಯಲಿಲ್ಲ. ನಟರು ಮತ್ತೆ ಆಡಿದರು, ಈ ಗದ್ದಲದಿಂದಾಗಿಯೇ ಸುಮಾರು 70 ಲಕ್ಷ ಜನ ನೋಡಿದರು. ಫಿಲ್ಮಿಗೆ ಹಿಡಿದಿಟ್ಟಿದ್ದು ಈ ಎರಡನೆಯ ಪ್ರದರ್ಶನವನ್ನು, ಹಾಗಾಗಿ ಅದು ಇಂದಿಗೂ ಇದೆ. ಕಾದಂಬರಿಯನ್ನು ಬಹುಜನರಿಗೆ ಪರಿಚಯಿಸಿದ್ದು ಈ ನಾಟಕವೇ. ಆದರೆ ರೂಪಾಂತರಕಾರನ ಪಾಡು ಎಲ್ಲ ಕಾಲಕ್ಕೂ ಒಂದೇ: ಹೊಗಳಿಕೆ ಮೂಲ ಲೇಖಕರಿಗೆ, ಕೀರ್ತಿ ನಟರಿಗೆ.

ಕ್ವಾಟರ್‌ಮಾಸ್‌ನ ಎರಡನೆಯ ಧಾರಾವಾಹಿ 1955ರಲ್ಲಿ ಬಂದದ್ದು ವ್ಯಾಪಾರದ ಕಾರಣಕ್ಕೆ. ಆ ಸೆಪ್ಟೆಂಬರಿನಲ್ಲಿ ಜಾಹೀರಾತಿನ ಆದಾಯದಿಂದ ನಡೆಯುವ ಐಟಿವಿ ಆರಂಭವಾಗಿ, ಬಿಬಿಸಿಗೆ ಮೊದಲ ಬಾರಿಗೆ ಪೈಪೋಟಿ ಹುಟ್ಟಿಕೊಂಡಿತ್ತು. ಸರ್ಕಾರದ ರಹಸ್ಯ ಕಾರ್ಖಾನೆಯೊಂದರಲ್ಲಿ ಏನು ತಯಾರಾಗುತ್ತಿದೆ ಎಂದು ಕೇಳುವ ಆ ಕಥೆಯನ್ನು ಮುಗಿಸಿಕೊಟ್ಟ ಸ್ವಲ್ಪ ಕಾಲಕ್ಕೆ ನೀಲ್ ಸಂಬಳದ ನೌಕರಿಯನ್ನು ಬಿಟ್ಟರು. ಮೂರನೆಯದನ್ನು, ‘ಕ್ವಾಟರ್‌ಮಾಸ್ ಅಂಡ್ ದಿ ಪಿಟ್’ ಅನ್ನು, ಸ್ವತಂತ್ರ ಬರಹಗಾರರಾಗಿ ಬರೆದರು; ಅದು 1958ರ ಡಿಸೆಂಬರಿನಿಂದ 1959ರ ಜನವರಿಯವರೆಗೆ ಪ್ರಸಾರವಾಯಿತು.

ಅವರ ಅತ್ಯುತ್ತಮ ಕೃತಿ ಯಾವುದೆಂದು ಕೇಳಿದರೆ ನಾನು ಹಿಂಜರಿಯದೆ ಇದನ್ನು ಹೇಳುತ್ತೇನೆ. ಲಂಡನ್ನಿನಲ್ಲಿ ಕಟ್ಟಡಕ್ಕೆ ಪಾಯ ತೋಡುವಾಗ ಮೊದಲು ಆದಿಮಾನವರ ತಲೆಬುರುಡೆಗಳು, ಆಮೇಲೆ ಲೋಹದ ಒಂದು ಹೊದಿಕೆ ಸಿಗುತ್ತದೆ. ಯುದ್ಧಕಾಲದ ಸಿಡಿಯದ ಬಾಂಬಿರಬೇಕೆಂದು ಸೈನ್ಯ ಭಾವಿಸುತ್ತದೆ. ಅಗೆಯುತ್ತ ಹೋದಂತೆ ಅದು 50 ಲಕ್ಷ ವರ್ಷ ಹಳೆಯ ನೌಕೆಯೆಂದೂ, ಸಾಯುತ್ತಿದ್ದ ಮಂಗಳ ಗ್ರಹದ ಕೀಟಸದೃಶ ಜೀವಿಗಳು ಭೂಮಿಯ ವಾನರರ ಮಿದುಳನ್ನು ತಿದ್ದಿ ತಮ್ಮ ಗುಣಗಳನ್ನು ಅವರಲ್ಲಿ ಬಿತ್ತಿದ್ದರೆಂದೂ ತಿಳಿಯುತ್ತದೆ. ಆ ಗುಣಗಳಲ್ಲೊಂದು, ತಮ್ಮ ಗೂಡಿನಲ್ಲಿ ಬೇರೆಯಾಗಿ ಕಾಣುವವರನ್ನು ಆಗಾಗ ಒಟ್ಟಾಗಿ ಕೊಂದು ಶುದ್ಧಿ ಮಾಡಿಕೊಳ್ಳುವ ಪ್ರವೃತ್ತಿ. ಕೊನೆಯ ಕಂತಿನಲ್ಲಿ ಲಂಡನ್ನಿನ ಜನ ಅದೇ ಹುಚ್ಚಿಗೆ ಸಿಕ್ಕಿ ಬೀದಿಯಲ್ಲಿ ಒಬ್ಬರನ್ನೊಬ್ಬರು ಬೇಟೆಯಾಡತೊಡಗುತ್ತಾರೆ. ಪ್ರಸಾರಕ್ಕೆ ನಾಲ್ಕು ತಿಂಗಳ ಹಿಂದಷ್ಟೇ ನಾಟಿಂಗ್ ಹಿಲ್‌ನಲ್ಲಿ ವೆಸ್ಟ್ ಇಂಡೀಸ್‌ನಿಂದ ಬಂದು ನೆಲೆಸಿದ್ದವರ ಮೇಲೆ ಬಿಳಿಯ ಯುವಕರ ಗುಂಪುಗಳು ದಾಳಿ ಮಾಡಿದ್ದವು. ಭೂತ, ದೆವ್ವ, ಕೊಂಬಿನ ಸೈತಾನ ಎಂಬ ನಂಬಿಕೆಗಳನ್ನೆಲ್ಲ ಆ ಪುರಾತನ ನೆನಪಿನ ತುಣುಕುಗಳೆಂದು ವಿವರಿಸುವಲ್ಲಿ ನೀಲ್ ಅವರ ನಿಜವಾದ ಸ್ವಂತಿಕೆಯಿದೆ. ಅನ್ಯಗ್ರಹದವರ ದಾಳಿಯ ಕಥೆಯಲ್ಲಿ ಶತ್ರು ಹೊರಗಿನಿಂದ ಬರುತ್ತಾನೆ. ಇಲ್ಲಿ ದಾಳಿ ಯಾವತ್ತೋ ನಡೆದುಹೋಗಿದೆ, ದಾಳಿಕೋರರು ನಾವೇ ಆಗಿದ್ದೇವೆ.

ಇದಾದ ಮೇಲೆ ಸಿನಿಮಾ ಅವರನ್ನು ಕೆಲಕಾಲ ಸೆಳೆಯಿತು. ಜಾನ್ ಆಸ್ಬೋರ್ನ್ ಅವರ ಎರಡು ನಾಟಕಗಳನ್ನು 1959 ಮತ್ತು 1960ರಲ್ಲಿ ಚಿತ್ರಕಥೆಗಳಾಗಿಸಿದರು, ಎರಡೂ ಬ್ರಿಟಿಷ್ ಅಕಾಡೆಮಿಯ ಪ್ರಶಸ್ತಿಗೆ ನಾಮನಿರ್ದೇಶನಗೊಂಡವು. ಆ ಕೆಲಸ ಅಚ್ಚುಕಟ್ಟಾಗಿದೆ, ಅಷ್ಟೇ.

ಕಿರುತೆರೆಗೆ ಮರಳಿ 1968ರಲ್ಲಿ ಅವರು ಬರೆದ ‘ದಿ ಇಯರ್ ಆಫ್ ದಿ ಸೆಕ್ಸ್ ಒಲಿಂಪಿಕ್ಸ್’ ಹೆಸರಿನಿಂದಲೇ ಜನರನ್ನು ದಾರಿ ತಪ್ಪಿಸುತ್ತದೆ. ಭವಿಷ್ಯದ ಸಮಾಜವೊಂದರಲ್ಲಿ ಕೆಲವೇ ಜನ ಆಳುತ್ತಾರೆ. ಉಳಿದವರನ್ನು ದಿನವಿಡೀ ಟಿವಿಯ ಮುಂದೆ ಕೂರಿಸಿ, ಏನೂ ಬೇಡದ ಸ್ಥಿತಿಯಲ್ಲಿ ಇಡಲಾಗಿದೆ. ನೋಡುಗರಿಗೆ ಬೇಸರ ಬಂದಾಗ ಕಾರ್ಯಕ್ರಮ ತಯಾರಕರಿಗೆ ಹೊಸದೊಂದು ಉಪಾಯ ಹೊಳೆಯುತ್ತದೆ: ಒಂದು ಕುಟುಂಬವನ್ನು ಚಳಿಯ ದ್ವೀಪವೊಂದಕ್ಕೆ ಕಳಿಸಿ, ಅವರು ಬದುಕಲು ಪಡುವ ಪಾಡನ್ನು ಹಗಲಿರುಳು ಕ್ಯಾಮೆರಾದಲ್ಲಿ ತೋರಿಸುವುದು. ದ್ವೀಪದಲ್ಲಿ ಅಪಾಯಕಾರಿ ವ್ಯಕ್ತಿಯೊಬ್ಬನೂ ಇರುವಂತೆ ಅವರೇ ವ್ಯವಸ್ಥೆ ಮಾಡಿರುತ್ತಾರೆ. ನೆದರ್‌ಲ್ಯಾಂಡ್ಸಿನಲ್ಲಿ ‘ಬಿಗ್ ಬ್ರದರ್’ ಆರಂಭವಾಗುವುದಕ್ಕೆ ಇನ್ನೂ 31 ವರ್ಷಗಳಿದ್ದವು. ಆ ಕಾರ್ಯಕ್ರಮದ ಕನ್ನಡ ರೂಪವಾದ ‘ಬಿಗ್ ಬಾಸ್’ ಅನ್ನು 2013ರಿಂದ ನೋಡುತ್ತ ಬಂದಿರುವ ನಮಗೆ ಈ ಕಥೆ ಹೊಸದೆನಿಸಲಾರದು. ‘ಬಿಗ್ ಬ್ರದರ್’ ಎಂಬ ಹೆಸರು ನೀಲ್ ಸ್ವತಃ 1954ರಲ್ಲಿ ತೆರೆಗೆ ತಂದ ಆರ್ವೆಲ್ ಕಾದಂಬರಿಯದ್ದೇ ಎಂಬುದನ್ನೂ ಇಲ್ಲಿ ನೆನೆಯಬಹುದು. ಈ ನಾಟಕವನ್ನು ಕಣ್ಣು ಕುಕ್ಕುವ ಬಣ್ಣಗಳಲ್ಲಿ ತಯಾರಿಸಿದ್ದರು, ಬಣ್ಣವೇ ಅದರ ವ್ಯಂಗ್ಯದ ಭಾಗವಾಗಿತ್ತು. ಇಂದು ಉಳಿದಿರುವುದು ಕಪ್ಪು-ಬಿಳುಪು ಫಿಲ್ಮಿನ ಪ್ರತಿ ಮಾತ್ರ.

ಹೀಗಾಗಲು ಕಾರಣವೇ ಮೂರನೆಯ ತೊಡಕು. 1950ರ ದಶಕದ ಕೊನೆಯಲ್ಲಿ ಬಳಕೆಗೆ ಬಂದ ಎರಡು ಅಂಗುಲ ಅಗಲದ ವಿಡಿಯೋ ಟೇಪು ಬಹಳ ದುಬಾರಿಯಾಗಿತ್ತು, ಅದರ ಮುಖ್ಯ ಗುಣವೆಂದರೆ ಅಳಿಸಿ ಮತ್ತೆ ಬಳಸಬಹುದಾಗಿತ್ತು. ನಟರ ಮತ್ತು ಸಂಗೀತಗಾರರ ಸಂಘಗಳೊಡನೆ ಇದ್ದ ಒಪ್ಪಂದಗಳು ಮರುಪ್ರಸಾರವನ್ನು ಮಿತಗೊಳಿಸಿದ್ದವು. ಮನೆಯಲ್ಲಿ ಕ್ಯಾಸೆಟ್ ಹಾಕಿ ನೋಡುವ ಕಾಲವನ್ನು ಯಾರೂ ನಿರೀಕ್ಷಿಸಿರಲಿಲ್ಲ. ಮರುಪ್ರಸಾರಕ್ಕೆ ಬಾರದ, ವಿದೇಶಕ್ಕೆ ಮಾರಿ ಮುಗಿದ, ಅಥವಾ ಬಣ್ಣದ ಕಾಲದಲ್ಲಿ ಬೇಡವಾದ ಕಪ್ಪು-ಬಿಳುಪು ನಾಟಕಕ್ಕೆ ಉಗ್ರಾಣದಲ್ಲಿ ಜಾಗ ಕೊಡುವುದು ದಂಡವೆಂದು ಲೆಕ್ಕಿಗರಿಗೆ ತೋರಿತು. ಯಾರದೋ ದುರುದ್ದೇಶದಿಂದ ಇದು ಆಗಲಿಲ್ಲ. ಕಚೇರಿಯ ದೈನಂದಿನ ಕೆಲಸವಾಗಿ, ನಮೂನೆಗೆ ಸಹಿ ಬಿದ್ದು ಆಯಿತು. 1978ರ ಹೊತ್ತಿಗೆ ಸಂರಕ್ಷಣೆಯ ವ್ಯವಸ್ಥೆ ಬರುವವರೆಗೂ ಇದು ನಡೆಯಿತು. ನೀಲ್ ಅವರ ನಾಟಕಗಳಲ್ಲಿ 1963ರ ‘ದಿ ರೋಡ್’, 1970ರ ‘ವೈನ್ ಆಫ್ ಇಂಡಿಯಾ’, 1971ರ ‘ದಿ ಚಾಪರ್’ ಹೀಗೆ ಇಲ್ಲವಾದವು.

1972ರ ಡಿಸೆಂಬರ್ 25ರ ರಾತ್ರಿ ಬಿಬಿಸಿ-2ರಲ್ಲಿ ಪ್ರಸಾರವಾದ ‘ದಿ ಸ್ಟೋನ್ ಟೇಪ್’ ಅನ್ನು ಈ ಹಿನ್ನೆಲೆಯಲ್ಲಿಟ್ಟು ನೋಡಿದರೆ ಅದರ ಮೊನೆ ಇನ್ನಷ್ಟು ಚೂಪಾಗುತ್ತದೆ. ಎಲೆಕ್ಟ್ರಾನಿಕ್ಸ್ ಕಂಪನಿಯೊಂದರ ತಂಡ, ಜಪಾನೀಯರನ್ನು ಸೋಲಿಸುವಂಥ ಹೊಸ ಧ್ವನಿಮುದ್ರಣ ಮಾಧ್ಯಮವನ್ನು ಕಂಡುಹಿಡಿಯಲೆಂದು ಹಳೆಯ ಬಂಗಲೆಯೊಂದರಲ್ಲಿ ಬೀಡುಬಿಡುತ್ತದೆ. ಅಲ್ಲಿನ ಒಂದು ಕೋಣೆಯಲ್ಲಿ ಹಿಂದೆ ಸತ್ತ ಕೆಲಸದ ಹೆಣ್ಣುಮಗಳ ಚೀರಾಟ ಕೇಳಿಸುತ್ತದೆ, ಆಕೃತಿ ಕಾಣಿಸುತ್ತದೆ. ಇದು ದೆವ್ವವಲ್ಲ, ಗೋಡೆಯ ಕಲ್ಲು ಆ ಗಳಿಗೆಯ ಸಂಕಟವನ್ನು ಮುದ್ರಿಸಿಕೊಂಡಿದೆ, ನಮ್ಮ ಮಿದುಳೇ ಅದನ್ನು ಕೇಳಿಸುವ ಯಂತ್ರ ಎಂದು ತಂಡ ತರ್ಕಿಸುತ್ತದೆ. ಅದನ್ನು ಬೇಕೆಂದಾಗ ಕೇಳುವಂತೆ ಮಾಡಲು ಯಂತ್ರಗಳಿಂದ ಒತ್ತಾಯಿಸುತ್ತಾರೆ. ಅಷ್ಟರಲ್ಲಿ ಮುದ್ರಣವೇ ಅಳಿಸಿಹೋಗುತ್ತದೆ. ತಂಡದ ಮುಖ್ಯಸ್ಥ ಕೈಚೆಲ್ಲುತ್ತಾನೆ. ಕಂಪ್ಯೂಟರ್ ಕೆಲಸ ಮಾಡುವ ಜಿಲ್ ಎಂಬ ತರುಣಿಗೆ ಮಾತ್ರ ಇನ್ನೊಂದು ಸಂಗತಿ ಗೊತ್ತಾಗುತ್ತದೆ: ಅಳಿಸಿದ್ದು ಮೇಲಿನ ಪದರವನ್ನಷ್ಟೇ, ಅದರ ಕೆಳಗೆ ಸಾವಿರಾರು ವರ್ಷ ಹಳೆಯದೊಂದು ಇದೆ. ತೊಂಬತ್ತು ನಿಮಿಷಗಳ ಈ ನಾಟಕದಲ್ಲಿ ಭಯ ಹುಟ್ಟುವುದು ಚೀರಾಟದಿಂದಲ್ಲ, ಆ ತರ್ಕದಿಂದ. ಸ್ಥಳಗಳು ಘಟನೆಗಳನ್ನು ಮುದ್ರಿಸಿಕೊಳ್ಳುತ್ತವೆ ಎಂಬ ವಾದಕ್ಕೆ ದೆವ್ವಗಳ ಬೆನ್ನುಹತ್ತುವವರು ಇಂದಿಗೂ ಬಳಸುವ ಹೆಸರು ಈ ನಾಟಕದ್ದೇ. ಎಂತಲೇ ಅನೇಕರು ಅದನ್ನು ವೈಜ್ಞಾನಿಕ ಸಿದ್ಧಾಂತವೆಂದು ನಂಬಿಯೂ ಇದ್ದಾರೆ.

ಆನಂತರದ ವರ್ಷಗಳು ಏರುಪೇರಿನವು. ನಾಲ್ಕನೆಯ ಕ್ವಾಟರ್‌ಮಾಸ್ ಕಥೆಯನ್ನು ಬಿಬಿಸಿಗೆಂದು ಬರೆದರೂ ಖರ್ಚಿಗೆ ಹೆದರಿ ಸಂಸ್ಥೆ ಕೈಬಿಟ್ಟಿತು. ಥೇಮ್ಸ್ ಕಂಪನಿಯ ಅಂಗವಾದ ಯೂಸ್ಟನ್ ಫಿಲ್ಮ್ಸ್ ಅದನ್ನು ನಟ ಜಾನ್ ಮಿಲ್ಸ್ ಅವರನ್ನು ನಾಯಕನನ್ನಾಗಿಸಿ ತಯಾರಿಸಿತು, ಐಟಿವಿಯ ದೀರ್ಘ ಮುಷ್ಕರ ಮುಗಿದ ಕೂಡಲೇ 1979ರ ಅಕ್ಟೋಬರಿನಲ್ಲಿ ಅದು ತೆರೆಗೆ ಬಂತು. ಯುವಜನರ ಬಗ್ಗೆ ವಯಸ್ಸಾದವರ ಸಿಡುಕು ಅದರಲ್ಲಿ ಎದ್ದು ಕಾಣುತ್ತದೆ, ಕಥೆಗೆ ಅದು ಒಳ್ಳೆಯದನ್ನೇನೂ ಮಾಡಿಲ್ಲ. 1981ರ ‘ಕಿನ್‌ವಿಗ್’ ಎಂಬ ಹಾಸ್ಯ ಧಾರಾವಾಹಿ ನಗಿಸಲಿಲ್ಲ. ಹಾಲಿವುಡ್ಡಿನ ‘ಹ್ಯಾಲೋವೀನ್’ ಸರಣಿಯ ಮೂರನೆಯ ಚಿತ್ರಕ್ಕೆ ಬರೆದದ್ದನ್ನು ರಕ್ತಪಾತದಿಂದ ತುಂಬಿದಾಗ ತಮ್ಮ ಹೆಸರನ್ನೇ ತೆಗೆಸಿದರು. ಆ ಚಿತ್ರದ ನಿರ್ಮಾಪಕರಲ್ಲೊಬ್ಬರಾದ ಜಾನ್ ಕಾರ್ಪೆಂಟರ್ ಕೆಲ ವರ್ಷಗಳ ಬಳಿಕ ತಮ್ಮದೊಂದು ಚಿತ್ರಕಥೆಗೆ ‘ಮಾರ್ಟಿನ್ ಕ್ವಾಟರ್‌ಮಾಸ್’ ಎಂಬ ಕಾವ್ಯನಾಮವನ್ನಿಟ್ಟುಕೊಂಡರು. ತಮ್ಮ ಕಲ್ಪನೆಗಳಿಂದ ಧಾರಾಳವಾಗಿ ಎರವಲು ಪಡೆದ ಬಿಬಿಸಿಯ ವೈಜ್ಞಾನಿಕ ಧಾರಾವಾಹಿ ‘ಡಾಕ್ಟರ್ ಹೂ’ಗೆ ಬರೆಯಲು ಕರೆದಾಗ ನೀಲ್ ನಿರಾಕರಿಸಿದ್ದರು. 1989ರ ಡಿಸೆಂಬರ್ 24ರಂದು ಐಟಿವಿಯಲ್ಲಿ ಬಂದ, ಸೂಸನ್ ಹಿಲ್ ಅವರ ಕಾದಂಬರಿ ‘ದಿ ವುಮನ್ ಇನ್ ಬ್ಲ್ಯಾಕ್’ನ ರೂಪಾಂತರ ಅವರ ಕೊನೆಯ ದೊಡ್ಡ ಕೆಲಸ.

2005ರ ಏಪ್ರಿಲ್‌ನಲ್ಲಿ ಬಿಬಿಸಿ ಫೋರ್ ವಾಹಿನಿ ಮೊದಲ ಕ್ವಾಟರ್‌ಮಾಸ್ ಕಥೆಯನ್ನು ಮತ್ತೆ ನೇರಪ್ರಸಾರದಲ್ಲೇ ಆಡಿಸಿತು. ಸಲಹೆಗಾರರಾಗಿ 82ರ ಹರೆಯದ ನೀಲ್ ಅವರೇ ಇದ್ದರು. ಮರುವರ್ಷ ಅಕ್ಟೋಬರ್ 29ರಂದು ಅವರು ತೀರಿಕೊಂಡರು. ಟೇಪು ಇಲ್ಲವಾದ ‘ದಿ ರೋಡ್’ನ ಪಠ್ಯ 1976ರಲ್ಲೇ ಸಣ್ಣ ಪ್ರಕಾಶನವೊಂದರಿಂದ ಅಚ್ಚಾಗಿತ್ತು. 1770ರಲ್ಲಿ ನಡೆಯುವ ಆ ನಾಟಕದಲ್ಲಿ, ಹಳ್ಳಿಯ ಕಾಡಿನಲ್ಲಿ ರಾತ್ರಿ ಕೇಳಿಬರುವ ಗುಂಪಿನ ಆಕ್ರಂದನ ಎಂದೋ ಸತ್ತವರದೆಂದು ಎಲ್ಲರೂ ತಿಳಿದಿರುತ್ತಾರೆ. ಯಂತ್ರಗಳ ಸುವರ್ಣಯುಗ ಬರಲಿದೆಯೆಂದು ವಾದಿಸುವ ತತ್ತ್ವಜ್ಞಾನಿಯೊಬ್ಬ ಅದನ್ನು ಪರೀಕ್ಷಿಸಲು ಹೋಗುತ್ತಾನೆ. ನಾಟಕ ನೋಡುವವರಿಗೆ ಮಾತ್ರ ಅದು ಮುಂದೊಂದು ದಿನ ಅಣುಬಾಂಬು ಬೀಳುವಾಗ ಅದೇ ಜಾಗದ ಹೆದ್ದಾರಿಯಲ್ಲಿ ಕಾರುಗಳಲ್ಲಿ ಸಿಕ್ಕಿಬಿದ್ದವರ ಕೂಗೆಂದು ತಿಳಿಯುತ್ತದೆ. 2018ರಲ್ಲಿ ಬಿಬಿಸಿ ರೇಡಿಯೋ ಅದನ್ನು ಟೋಬಿ ಹೇಡೋಕ್ ಅವರ ರೂಪಾಂತರದಲ್ಲಿ ಮತ್ತೆ ಪ್ರಸಾರ ಮಾಡಿತು.